ತುಳುನಾಡಿನ ನೇಮಕ್ಕೆ ಮೊದಲ ಸಲ ಹೋಗುವ ಹೊರಗಿನವರಿಗೆ: ಯಾವಾಗ ಏನು, ಎಲ್ಲಿ ನಿಲ್ಲಬೇಕು?

ಬಯಲುಸೀಮೆ:

ಬೆಳ್ತಂಗಡಿ ತಾಲೂಕಿನ ಒಳಗಿನ ಹಳ್ಳಿ, ಗುತ್ತಿನ ಮನೆ (ಊರಿನ ಯಜಮಾನಿಕೆಯ ಮನೆತನ), ಫೆಬ್ರವರಿಯಲ್ಲಿ ನೇಮ, ಅಂದರೆ ಭೂತಕೋಲ. ಕಾರ್ಡಿನಲ್ಲಿ ಇರೋದು ಇಷ್ಟೇ: ಸಂಜೆ ಭಂಡಾರ ಇಳಿಯುವುದು, ರಾತ್ರಿ ಅನ್ನಸಂತರ್ಪಣೆ, ಬಳಿಕ ಪಂಜುರ್ಲಿ ಮತ್ತು ಗುಳಿಗ ದೈವಗಳ ನೇಮೋತ್ಸವ. ಘಟ್ಟದ ಮೇಲಿನ ನಾಲ್ಕೈದು ಜನ ಹೋಗ್ತಿದ್ದೀವಿ, ಯಾರಿಗೂ ತುಳು ಬರಲ್ಲ. ಮಾರಿಹಬ್ಬ, ಕೊಂಡ ಹಾಯೋದು ನಮಗೆ ಹೊಸದಲ್ಲ. ಆದರೆ ಇಲ್ಲಿ ಅರ್ಧರಾತ್ರಿಯಲ್ಲಿ ದೈವ ಎದುರಿಗೇ ಬಂದು ನಿಂತು ಮಾತಾಡುತ್ತಂತೆ, ಕೋಳಿಯ ಕುತ್ತಿಗೆಗೆ ಬಾಯಿ ಹಾಕುತ್ತಂತೆ, ಉರಿಯೋ ಪಂಜು ಮೈಗೆ ಒತ್ತಿಕೊಳ್ಳುತ್ತಂತೆ. ಯಾವಾಗ ಏನಾಗುತ್ತೆ, ನಾವೆಲ್ಲಿ ನಿಲ್ಲಬೇಕು, ಏನು ಮಾಡಬಾರದು, ಅಷ್ಟು ಹೇಳಿ ಸಾಕು. ನಂಬಿಕೆಯೋ ಮೂಢನಂಬಿಕೆಯೋ ಅನ್ನೋ ಜಗಳ ದಯವಿಟ್ಟು ಇಲ್ಲಿ ಬೇಡ.

ಹಿಂಗಾರ:

ಮೊದಲಿಗೆ ಒಂದು ಮಾತು ಮಾರಾಯ್ರೆ. ನೇಮದಲ್ಲಿ ಯಾವುದೂ ಇದ್ದಕ್ಕಿದ್ದ ಹಾಗೆ ಆಗುವುದಿಲ್ಲ. ಪ್ರತಿಯೊಂದಕ್ಕೂ ಅಪ್ಪಣೆ ಉಂಟು, ಕೇಳುವವರು ಉಂಟು, ಕೊಡುವವರು ಉಂಟು. ಭಾಷೆ ಬಾರದವರಿಗೆ ಅದು ಕಾಣುವುದಿಲ್ಲ, ಹಾಗಾಗಿ ಎಲ್ಲವೂ ಮೇಲೆ ಬಂದು ಬೀಳುವ ಹಾಗೆ ತೋರುತ್ತದೆ.

ಭಂಡಾರ ಅಂದರೆ ದೈವದ ಸೊತ್ತು: ಲೋಹದ ಮೊಗ (ಮುಖವಾಡ), ಕಡ್ಸಲೆ ಎಂಬ ಖಡ್ಗ, ಗಂಟೆ, ಚವರಿ, ಆಭರಣ. ವರ್ಷವಿಡೀ ಭಂಡಾರದ ಮನೆಯಲ್ಲಿ ಇರುತ್ತದೆ. ಸಂಜೆ ಅಲ್ಲಿಂದ ದೀವಟಿಗೆ, ವಾದ್ಯದ ಜೊತೆ ಸಾನಕ್ಕೆ, ಅಂದರೆ ದೈವದ ಗುಡಿಗೆ, ಬರುತ್ತದೆ. ತೋಟದ ಬದಿಯ ಕಾಲುದಾರಿಯಲ್ಲಿ ಎದುರು ಸಿಕ್ಕಿದರೆ ಚಪ್ಪಲಿ ಕಳಚಿ ಬದಿಗೆ ಸರಿಯಿರಿ. ದಾರಿಗೆ ಅಡ್ಡ ನಿಂತು ಫೋಟೊ ಹೊಡೆಯುವುದು ಬೇಡ. ಅದೇ ಹೊತ್ತಿಗೆ ಎಲ್ಲೋ ಗುಡ್ಡೆ ಬದಿಯಲ್ಲಿ ಗರ್ನಲ್ ಎಂಬ ಸಿಡಿಮದ್ದು ಸಿಡಿಯುತ್ತದೆ. ಇಡೀ ರಾತ್ರಿಯಲ್ಲಿ ಹೊರಗಿನವರು ನಿಜವಾಗಿ ಹಾರಿ ಬೀಳುವುದು ಆ ಒಂದು ಶಬ್ದಕ್ಕೆ.

ಆಮೇಲೆ ಎಣ್ಣೆಬೂಲ್ಯ. ದೈವ ಕಟ್ಟುವವರಿಗೆ ತೆಂಗಿನೆಣ್ಣೆ, ವೀಳ್ಯದೆಲೆ, ಅಡಿಕೆ ಕೊಡುವ ಕ್ರಮ. ಅದನ್ನು ತೆಗೆದುಕೊಂಡರೆ ಈ ರಾತ್ರಿಯ ಹೊಣೆ ಹೊತ್ತ ಹಾಗೆ. ನಂತರ ಸ್ನಾನ, ಬಣ್ಣ. ಈ ಮಧ್ಯೆ ಊಟ ಬಡಿಸುತ್ತಾರೆ. ಮುಗಿಸಿಬಿಡಿ, ನಾಚಿಕೆ ಬೇಡ. ಖಾಲಿ ಹೊಟ್ಟೆ, ದೀವಟಿಗೆಯ ಹೊಗೆ, ನಿದ್ದೆಗೆಟ್ಟ ಕಣ್ಣು ಮೂರೂ ಸೇರಿದರೆ ಬೆಳಗಿನ ಮೂರು ಗಂಟೆಗೆ ತಲೆ ತಿರುಗುತ್ತದೆ, ಆಗ ಪಕ್ಕದವರು "ಇವರಿಗೂ ಬಂತಾ" ಅಂತ ನೋಡಲಿಕ್ಕೆ ಶುರು.

ಬಣ್ಣ ಒಣಗುವ ಹೊತ್ತಿಗೆ ದೈವ ಕಟ್ಟುವವರ ಕುಟುಂಬದ ಹೆಂಗಸೊಬ್ಬರು, ತಾಯಿಯೋ ಹೆಂಡತಿಯೋ, ತೆಂಬರೆ ಬಾರಿಸುತ್ತಾ ಪಾಡ್ದನ, ಅಂದರೆ ದೈವದ ಕಥೆಯ ಹಾಡು, ಹೇಳುತ್ತಾರೆ. ಸಣ್ಣ ಚರ್ಮವಾದ್ಯ, ಒಂದೇ ಲಯ. ಜಾತ್ರೆಗೆ ಬಂದವರು ಅದನ್ನು ಕೇಳುವುದೇ ಇಲ್ಲ, ಐಸ್‌ಕ್ಯಾಂಡಿ ಅಂಗಡಿ ಹತ್ತಿರ ಇರುತ್ತಾರೆ. ನೀವು ಕೇಳಿ. ದೈವ ಎಲ್ಲಿ ಹುಟ್ಟಿತು, ಯಾವ ಘಟ್ಟ ಇಳಿಯಿತು, ಯಾವ ಮನೆಯಲ್ಲಿ ನೆಲೆಯಾಯಿತು ಎಲ್ಲ ಅದರಲ್ಲೇ ಉಂಟು.

ಮುಖ್ಯ ಘಟ್ಟ ಗಗ್ಗರದ್ದು. ಒಳಗೆ ಗುಂಡು ಹಾಕಿದ ಟೊಳ್ಳು ಲೋಹದ ಕಡಗ, ಎರಡು ಕಾಲಿಗೆ ಎರಡು. ಕಟ್ಟುವ ಮೊದಲು ದೈವ ಕಟ್ಟುವವರು ಅದನ್ನು ಕೈಯಲ್ಲಿ ಹಿಡಿದು ಗುತ್ತಿನವರ, ಊರಿನವರ, ಕೂಡಿದ ಹತ್ತು ಸಮಸ್ತರ ಅಪ್ಪಣೆ ಕೇಳುತ್ತಾರೆ. ಜನ "ಆವು" ಎನ್ನುತ್ತಾರೆ, ಅಂದರೆ ಆಗಲಿ. ಅಲ್ಲಿಯವರೆಗೆ ಅವರು ನಿಮ್ಮ ಹಾಗೆ ಮನುಷ್ಯ, ಮಾತಾಡಿಸಬಹುದು. ಗಗ್ಗರ ಏರಿದ ಮೇಲೆ ಹೆಸರು ಹಿಡಿದು ಕರೆಯಬಾರದು, ಕೈಕುಲುಕುವುದು, ಬೆನ್ನು ತಟ್ಟುವುದು ಏನೂ ಇಲ್ಲ. ಕೂಡಲೇ ದೊಡ್ಡ ಅಬ್ಬರ, ನಡುಕ. ಅದೇ ಹೊತ್ತಿಗೆ ಇನ್ನೊಂದು ಬದಿಯಲ್ಲಿ ಬಣ್ಣವೇ ಇಲ್ಲದ, ಬಿಳಿ ಪಂಚೆಯ ಪಾತ್ರಿ, ಅಂದರೆ ದೈವದ ಆವೇಶ ಬರುವ ಇನ್ನೊಬ್ಬರು, ಕಡ್ಸಲೆ ಹಿಡಿದು ನಡುಗಲು ತೊಡಗುತ್ತಾರೆ. ಹೊರಗಿನವರ ಕಣ್ಣೆಲ್ಲ ಬಣ್ಣದ ಮೇಲೆ ಇರುವುದರಿಂದ ಪಕ್ಕದಲ್ಲೇ ಖಡ್ಗ ಹಿಡಿದವರನ್ನು ನೋಡುವುದು ತಡ. ಪಾತ್ರಿಯ ಬದಿಯಲ್ಲಿ ನಾಲ್ಕು ಹೆಜ್ಜೆ ಜಾಗ ಬಿಟ್ಟು ನಿಲ್ಲಿ.

ಕಟ್ಟೆಪುರಾಣ:

ನಿಲ್ಲುವ ಜಾಗ ಸುಲಭವಾಗಿ ಹೇಳುತ್ತೇನೆ. ಸಾನದ ಬಾಗಿಲು ಮತ್ತು ದೈವದ ನಡುವಿನ ನೇರ ದಾರಿಯಲ್ಲಿ ಯಾರೂ ನಿಲ್ಲುವುದಿಲ್ಲ, ಅಲ್ಲಿ ಖಾಲಿ ಕಂಡಿತು ಅಂತ ನುಗ್ಗಬೇಡಿ. ಗುತ್ತಿನ ಯಜಮಾನರು ಕೂರುವ ಕಡೆಯ ಚಾಪೆ, ಕುರ್ಚಿ ಖಾಲಿ ಇದ್ದರೂ ಅದು ಖಾಲಿ ಅಲ್ಲ. ಊರಿನ ಮುದುಕರು ಎಲ್ಲಿ ಗೋಡೆಗೆ ಒರಗಿದ್ದಾರೋ ಅದರ ಹಿಂದೆ ನಿಂತರೆ ಬೆಳಗಿನವರೆಗೆ ಯಾರೂ ಎಬ್ಬಿಸುವುದಿಲ್ಲ.

ಬಯಲುಸೀಮೆ:

ಇದು ಉಪಯೋಗಕ್ಕೆ ಬರುತ್ತೆ. ಗುಳಿಗನ ವಿಷಯ ಹೇಳಿ. ಕೋಳಿ, ರಕ್ತ ಎಲ್ಲ ನಿಜಾನಾ? ನಮ್ಮ ಜೊತೆ ಹತ್ತು ವರ್ಷದ ಹುಡುಗ ಇದ್ದಾನೆ.

ತೆಂಬರೆ:

ಗುಳಿಗನ ಹಸಿವು ಪಾಡ್ದನದಿಂದಲೇ ಬಂದದ್ದು. ಈಶ್ವರನ ಭಸ್ಮದಲ್ಲಿ ಪಾರ್ವತಿಗೆ ಒಂದು ಕಲ್ಲು ಸಿಗುತ್ತದೆ, ಅದನ್ನು ಎಸೆದಾಗ ಹುಟ್ಟಿದವನು ಗುಳಿಗ. ಹುಟ್ಟಿದ್ದೇ ತಡ ಹಸಿವು. ಎಷ್ಟು ಕೊಟ್ಟರೂ ಸಾಲದೆ, ಕೊನೆಗೆ ನಾರಾಯಣ ದೇವರು ತನ್ನ ಕಿರುಬೆರಳನ್ನೇ ಕೊಟ್ಟರು ಎಂಬುದು ಕಥೆ. ನೀವು ನೋಡಲಿರುವ 'ಬಾರಣೆ' ಆ ಹಸಿವಿನದೇ ಪ್ರದರ್ಶನ: ಹೊದಲು (ಭತ್ತದ ಅರಳು), ಅವಲಕ್ಕಿ, ಬಾಳೆಹಣ್ಣು, ಸಿಯಾಳ, ಕೋಳಿ. ಸಿಯಾಳ ಒಂದಾದ ಮೇಲೊಂದು ಎತ್ತಿ ಕುಡಿದು ಎಸೆಯುತ್ತಾರೆ, ಎದುರಿಗೆ ನಿಂತವರಿಗೆ ಸಿಡಿಯುತ್ತದೆ. ಕೋಳಿಯ ಕುತ್ತಿಗೆಗೆ ಬಾಯಿ ಹಾಕುವ ಕ್ರಮ ಕೆಲವು ಕಡೆ ಉಂಟು, ಕೆಲವು ಕಡೆ ಕೋಳಿಯನ್ನು ಒಪ್ಪಿಸಿ ಬದಿಗೆ ಒಯ್ಯುತ್ತಾರೆ. ನಿಮ್ಮ ಊರಿನಲ್ಲಿ ಯಾವುದು ಎಂದು ಮನೆಯವರನ್ನೇ ಮುಂಚಿತವಾಗಿ ಕೇಳಿ. ಕೇಳಿದರೆ ಬೇಸರ ಮಾಡಿಕೊಳ್ಳುವುದಿಲ್ಲ.

ಕಾನೂನಿನ ಮಾತೂ ಹೇಳಿಬಿಡುವೆ. ಸಾರ್ವಜನಿಕ ಪೂಜಾಸ್ಥಳದ ಆವರಣದಲ್ಲಿ ಪ್ರಾಣಿಬಲಿಯನ್ನು ತಡೆಯಲು ರಾಜ್ಯದಲ್ಲಿ 1959ರ ಕಾಯ್ದೆ ಇದೆ. ಎಳೆಸೌತೆ, ಬೂದುಕುಂಬಳ ಕೊಯ್ದು ಕುಂಕುಮದ ನೀರು ಚೆಲ್ಲುವ ಪದ್ಧತಿಗೆ ಹೊರಳಿದ ಸ್ಥಾನಗಳೂ ಇವೆ.

ಹುಡುಗನ ಬಗ್ಗೆ: ಪಂಜುರ್ಲಿ ತೋರಿಸಿ, ಗುಳಿಗ ಬೇಡ. ಪಂಜುರ್ಲಿ ಹಂದಿಯ ರೂಪದ ದೈವ. ಹಂದಿಮುಖದ ಮೊಗ ಏರಿಸಿದ ಮೇಲೂ ಮಕ್ಕಳು ಅದನ್ನು ಬೆರಗಿನಿಂದ ನೋಡುತ್ತಾರೆಯೇ ಹೊರತು ಅಳುವುದು ಕಡಿಮೆ. ಗುಳಿಗನಿಗೆ ಮೊಗದ ಹಂಗಿಲ್ಲ. ಕಪ್ಪು ಬಳಿದ ಮುಖ, ಎಳೆ ತೆಂಗಿನ ಗರಿಯ 'ಸಿರಿ', ಎರಡು ಕೈಯಲ್ಲಿ ಬೆಂಕಿ, ಜನರ ನಡುವೆಯೇ ಓಟ. ಸಾಮಾನ್ಯವಾಗಿ ಕೊನೆಯ ಸರದಿ ಅವನದು, ಅಷ್ಟರಲ್ಲಿ ಹುಡುಗ ನಿದ್ದೆ ಹೋಗಿರುತ್ತಾನೆ.

ಗುಡ್ಡೆಮನೆ:

ಬೆಂಕಿಯ ಬಗ್ಗೆ ಯಾರೂ ಸರಿಯಾಗಿ ಹೇಳಿಲ್ಲ.

ದೀವಟಿಗೆ ಅಂದರೆ ಹಳೆ ಬಟ್ಟೆ ಬಿಗಿಯಾಗಿ ಸುತ್ತಿದ ಕೋಲು. ಜೊತೆಗೊಬ್ಬ ಎಣ್ಣೆಯ ಪಾತ್ರೆ ಹಿಡಿದು ಆಗಾಗ ಹೊಯ್ಯುತ್ತಾ ಇರುತ್ತಾನೆ. ಹೊಸಬ ಹೊಯ್ದರೆ ಹೆಚ್ಚಾಗಿ ಬೀಳುತ್ತದೆ, ಉರಿಯುವ ಎಣ್ಣೆ ತೊಟ್ಟಿಕ್ಕುತ್ತದೆ. ನೈಲಾನ್, ಪಾಲಿಯೆಸ್ಟರ್ ದುಪಟ್ಟಾ, ಸೀರೆಸೆರಗು ಬಿಟ್ಟುಕೊಂಡು ದೀವಟಿಗೆಯವನ ಪಕ್ಕ ನಿಲ್ಲುವುದು ದಡ್ಡತನ. ಹತ್ತಿ ಬಟ್ಟೆ ಹಾಕಿ, ಗಾಳಿ ಬರುವ ಬದಿಗೆ ನಿಲ್ಲಿ.

ದೈವ ಪಂಜನ್ನು ಎದೆಗೆ, ತೋಳಿಗೆ ಒತ್ತಿಕೊಳ್ಳುವುದು ಕಂಡು ಗಾಬರಿಯಾಗಬೇಡಿ. ಬೆಂಕಿ ಒಂದು ಕಡೆ ನಿಲ್ಲುವುದಿಲ್ಲ, ಸವರಿಕೊಂಡು ಹೋಗುತ್ತದೆ. ಸಿರಿ ಎಳೆ ಗರಿಯದ್ದು, ಹಸಿ, ಬೇಗ ಹತ್ತಿಕೊಳ್ಳುವುದಿಲ್ಲ. ಕಷ್ಟ ಶುರುವಾಗುವುದು ಬೆಳಗಿನ ಜಾವಕ್ಕೆ, ಗರಿ ಬಾಡಿದ ಮೇಲೆ. ಅದಕ್ಕೇ ಅನುಭವಸ್ಥರು ಬೆನ್ನಹಿಂದೆ ಒಬ್ಬನನ್ನು ಇಟ್ಟುಕೊಂಡಿರುತ್ತಾರೆ. ದೈವದ ಸೊಂಟದ ಹತ್ತಿರವೇ ಕಣ್ಣಿಟ್ಟು ನಡೆಯುವ ಒಬ್ಬ ಕಂಡರೆ ಅವನ ಕೆಲಸ ಅದೇ, ಅವನಿಗೆ ಅಡ್ಡ ಬರಬೇಡಿ.

ಸುಳ್ಯ, ಪುತ್ತೂರು, ಕಾಸರಗೋಡಿನ ಕಡೆಯ ಒತ್ತೆಕೋಲ ಬೇರೆಯೇ ಲೆಕ್ಕ. ವಿಷ್ಣುಮೂರ್ತಿ ದೈವ, ಕೆಂಡದ ದೊಡ್ಡ ರಾಶಿ. ಸಂಜೆ ಬೆಂಕಿ ಕೊಟ್ಟ ಮರ ಬೆಳಗಿನ ಜಾವಕ್ಕೆ ಕೆಂಡವಾಗುತ್ತದೆ, ದೈವ ಓಡಿಬಂದು ಅದರ ಮೇಲೆ ಬೀಳುತ್ತದೆ. ಬಿದ್ದ ಕ್ಷಣವೇ ಜೊತೆಯವರು ಎಳೆದು ಹೊರಗೆ ತರುತ್ತಾರೆ, ಮತ್ತೆ ಓಟ. ತಡೆಯುವುದು ಮೂರು: ಕೆಂಡ ಶಾಖವನ್ನು ಲೋಹದ ಹಾಗೆ ಥಟ್ಟನೆ ದಾಟಿಸುವುದಿಲ್ಲ, ನಡುವೆ ದಪ್ಪ ಹಸಿಗರಿ ಇರುತ್ತದೆ, ತಾಗುವ ಹೊತ್ತು ತೀರಾ ಕಡಿಮೆ. ಎಳೆಯುವವರು ತಡ ಮಾಡಿದರೆ ಮೂರನೆಯದು ಹೋಯಿತು, ಸುಟ್ಟಗಾಯ ಖಂಡಿತ. ನೋಡುಗರು ಕೆಂಡದ ಹತ್ತಿರ ಮುತ್ತಿಕೊಂಡು ಎಳೆಯುವವರಿಗೆ ದಾರಿ ಬಿಡದಿರುವುದೇ ಅಲ್ಲಿ ಎಲ್ಲಕ್ಕಿಂತ ಅಪಾಯ.

ಪ್ರಶ್ನೆಚಿಹ್ನೆ:

ಎಲ್ಲರೂ ಬಣ್ಣ, ಬೆಂಕಿ ಅಂತ ಹೇಳ್ತಿದ್ದೀರಿ. ಬರುವವರಿಗೆ ಇದನ್ನೂ ಹೇಳಿ: ದೈವ ಕಟ್ಟುವವರು ಪಂಬದ, ಪರವ, ನಲಿಕೆ ಸಮುದಾಯದವರು, ಪರಿಶಿಷ್ಟ ಜಾತಿಗೆ ಸೇರಿದವರು. ರಾತ್ರಿ ಗುತ್ತಿನ ಯಜಮಾನ ಕೈಮುಗಿದು ನಿಂತು ಬೈಸಿಕೊಳ್ಳುತ್ತಾನೆ. ಬೆಳಿಗ್ಗೆ ಬಣ್ಣ ಒರೆಸಿದ ಮೇಲೆ ದೈವ ಕಟ್ಟಿದ ಆ ಮನುಷ್ಯ ಯಾವ ಜಗಲಿಯಲ್ಲಿ ಕೂರುತ್ತಾನೆ, ಎಲ್ಲಿ ಉಣ್ಣುತ್ತಾನೆ, ಅದನ್ನೂ ನೋಡಿ. ನಡುಗಬೇಕಾದ್ದು ಅದಕ್ಕೆ.

ತೆಂಬರೆ:

ಒಪ್ಪುತ್ತೇನೆ, ಆದರೆ ಅರ್ಧ. ರಾತ್ರಿಯ ಅಧಿಕಾರ ಬರೀ ನಾಟಕವಲ್ಲ. ಗಡಿ ಜಗಳ, ಪಾಲಿನ ತಕರಾರು, ಕೊಟ್ಟ ಮಾತು ತಪ್ಪಿದ್ದು ಎಲ್ಲ ದೈವದ ಎದುರು ದೂರಾಗಿ ಬರುತ್ತವೆ, ತೀರ್ಮಾನವೂ ಆಗುತ್ತದೆ. ಕಲ್ಕುಡ, ಕಲ್ಲುರ್ಟಿ, ಕೊರಗಜ್ಜ, ಕೋಟಿ ಚೆನ್ನಯರು ಎಲ್ಲರೂ ಪಾಡ್ದನದಲ್ಲಿ ಅನ್ಯಾಯಕ್ಕೆ ಸಿಕ್ಕಿದವರು, ಸತ್ತ ಮೇಲೆ ದೈವವಾಗಿ ಲೆಕ್ಕ ಕೇಳುವವರು. ಕಾರ್ಕಳದಲ್ಲಿ ಗೊಮ್ಮಟನನ್ನು ಕೆತ್ತಿದ ಶಿಲ್ಪಿ ಇಂಥದ್ದನ್ನು ಇನ್ನೆಲ್ಲೂ ಕೆತ್ತಬಾರದು ಎಂದು ಅರಸ ಅವನ ಕೈಕಾಲು ಕಡಿಸಿದ ಎಂಬ ಕಲ್ಕುಡನ ಪಾಡ್ದನ ಆಳುವವರ ಅಂಗಳದಲ್ಲೇ ಹಾಡಲ್ಪಡುತ್ತದೆ.

ಇನ್ನರ್ಧ ನಿಮ್ಮದು ಸರಿ. ಕೊರಗ ಸಮುದಾಯದವರಿಂದ ಕೂಲಿ ಕೊಡದೆ ಡೋಲು ಬಡಿಸುವುದು, ಕಂಬಳಕ್ಕೆ ಮುನ್ನ ಓಡಿಸುವುದು, ಅನ್ನದಲ್ಲಿ ಉಗುರು, ಕೂದಲು ಬೆರೆಸಿ ತಿನ್ನಿಸುವುದು, ಇದನ್ನೆಲ್ಲ 'ಅಜಲು' ಎಂದು ಕರೆದು ನಿಷೇಧಿಸಲು 2000ದಲ್ಲಿ ಪ್ರತ್ಯೇಕ ಕಾಯ್ದೆಯೇ ಬೇಕಾಯಿತು. 60 ದಾಟಿದ ದೈವನರ್ತಕರಿಗೆ ತಿಂಗಳಿಗೆ 2,000 ರೂಪಾಯಿ ಮಾಸಾಶನ ಎಂದು ಸರ್ಕಾರ ಘೋಷಿಸಿದ್ದು 2022ರಲ್ಲಿ. ಅರದಾಳವನ್ನೂ ಇದಕ್ಕೆ ಸೇರಿಸಿ: ಮುಖದ ಆ ಹಳದಿ ಬಣ್ಣ ಆರ್ಸೆನಿಕ್ ಇರುವ ಖನಿಜ. ಸೀಸನ್ ಪೂರ್ತಿ ಅದನ್ನು ಚರ್ಮಕ್ಕೆ ಬಳಿದುಕೊಂಡರೆ ಏನಾಗಬಹುದು, ನೀವೇ ಯೋಚಿಸಿ.

ಬಯಲುಸೀಮೆ:

ಸರಿ. ಈಗ ನನ್ನ ನಿಜವಾದ ಭಯ. ದೈವ ನಮ್ಮನ್ನೇ ಕರೆದರೆ?

ಹಿಂಗಾರ:

ಸುಮ್ಮನೆ ಯಾರನ್ನೂ ಕರೆಯುವುದಿಲ್ಲ. ನುಡಿ ಕೊಡುವಾಗ ಕರೆಯುವುದಕ್ಕೆ ಕ್ರಮ ಉಂಟು: ಮೊದಲು ದೇವರು, ನಂತರ ಗುತ್ತು, ಬರ್ಕೆ ಎಂಬ ದೊಡ್ಡ ಮನೆತನಗಳು, ಪಟ್ಟದ ಹೆಸರು, ಊರಿನ ಮನೆಗಳು, ಒಂದೊಂದಕ್ಕೂ ಅದರ ಸರದಿ. ಈ ಸರದಿ ತಪ್ಪಿದರೆ ಆಗುವ ಗಲಾಟೆ ಕೋಳಿ, ಬೆಂಕಿ ಎಲ್ಲಕ್ಕಿಂತ ಜೋರು. ಯಾರ ಮನೆಯನ್ನು ಮೊದಲು ಕರೆಯಬೇಕು ಎಂಬ ವ್ಯಾಜ್ಯ ತಲೆಮಾರುಗಟ್ಟಲೆ ಎಳೆಯುತ್ತದೆ. ಕೊನೆಗೆ "ಪರವೂರಿನಿಂದ ಬಂದವರು" ಅಂತ ನಿಮ್ಮ ಪಾಲು ಬರುತ್ತದೆ.

ಕರೆದರೆ ಎದುರು ಹೋಗಿ, ಅಂಗಿಯ ಮೇಲೆ ಶಾಲು ಹೊದ್ದಿದ್ದರೆ ಸೊಂಟಕ್ಕೆ ಇಳಿಸಿ, ಕೈ ಮುಗಿದು ನಿಲ್ಲಿ. ತುಳು ಬಾರದಿದ್ದರೆ ತೊಂದರೆ ಇಲ್ಲ, ಪಕ್ಕದಲ್ಲಿ ಮಧ್ಯಸ್ಥರು ಇರುತ್ತಾರೆ, ಅವರೇ ನಿಮ್ಮ ಪರವಾಗಿ ಅರಿಕೆ ಮಾಡುತ್ತಾರೆ. ನೀವು ಕನ್ನಡದಲ್ಲಿ ಹೇಳಿ, ಚಿಕ್ಕದಾಗಿ. ದೈವ ಗಟ್ಟಿಯಾಗಿ ಗದರಿದಂತೆ ಕಂಡರೂ ಹೆಚ್ಚಿನ ಸಲ ಅದು ಅಭಯದ ಮಾತು: ನಂಬಿ ಬಂದಿದ್ದೀರಿ, ಬೆನ್ನಿಗೆ ನಾನಿದ್ದೇನೆ. ಸ್ವರ ಕೇಳಿ ಅರ್ಥ ಕಟ್ಟಬೇಡಿ. ಒಂದು ಎಚ್ಚರಿಕೆ ಮಾತ್ರ: ಹೆದರಿಕೆಯಲ್ಲಿ ಹರಕೆ ಹೇಳಿಕೊಳ್ಳಬೇಡಿ. "ಮುಂದಿನ ವರ್ಷ ಕೋಲ ಕೊಡುತ್ತೇನೆ" ಅಂತ ಬಾಯಿಗೆ ಬಂದರೆ ಅಲ್ಲಿ ಹತ್ತು ಸಮಸ್ತರು ಸಾಕ್ಷಿ. ಹರಕೆಯ ಕೋಲಕ್ಕೆ ಕೆಲವು ಸ್ಥಾನಗಳಲ್ಲಿ ವರ್ಷಗಟ್ಟಲೆ ಕಾಯುವ ಪಟ್ಟಿ ಉಂಟು, ಅದು ಬೇರೆ.

ಕಟ್ಟೆಪುರಾಣ:

ಮೊಬೈಲ್. ಫ್ಲ್ಯಾಷ್ ಬೇಡವೇ ಬೇಡ, ಕತ್ತಲೆಗೆ ಹೊಂದಿಕೊಂಡ ಕಣ್ಣಿಗೆ ಬಡಿದರೆ ಬೆಂಕಿ ಹಿಡಿದವರು ಎಡವುತ್ತಾರೆ. ಗಗ್ಗರ ಕಟ್ಟುವಾಗ, ಮೊಗ ಏರಿಸುವಾಗ, ಬಾರಣೆಯಲ್ಲಿ ಕೆಳಗಿಡಿ. ಅಬ್ಬರವನ್ನು ಅಣಕಿಸಿ ರೀಲ್ಸ್ ಮಾಡುವುದು 2022ರ 'ಕಾಂತಾರ' ಸಿನಿಮಾದ ನಂತರ ಹೆಚ್ಚಾಗಿದೆ. ಊರಿನವರು ಅಲ್ಲೇ ಹಿಡಿದು ಡಿಲೀಟ್ ಮಾಡಿಸಿದರೆ ಅವರದೇನೂ ತಪ್ಪಿಲ್ಲ. ಮತ್ತೆ 'ಭೂತ' ಅಂದ ಕೂಡಲೇ ದೆವ್ವ ಅಂತ ತಿಳಿಯಬೇಡಿ. 19ನೇ ಶತಮಾನದ ಇಂಗ್ಲಿಷರು ಹಾಗೆ ತಿಳಿದು 'ದೆವ್ವಪೂಜೆ' ಅಂತಲೇ ಬರೆದರು.

ಮಲ್ಲಿಗೆದಂಡೆ:

ಇದೇ ಎಳೆಯಲ್ಲಿ ಕೇಳ್ತೇನೆ. ಹುಣ್ಣಿಮೆ ರಾತ್ರಿ ನೂರಾರು ಹೆಂಗಸರು ಒಟ್ಟಿಗೆ ಮೈದುಂಬಿ ನಡುಗುವ ಜಾತ್ರೆ ಅಂತಾರಲ್ಲ, ಅದೂ ನೇಮವಾ?

ತೆಂಬರೆ:

ಅಲ್ಲ, ಅದು ಸಿರಿಜಾತ್ರೆ. ಇಲ್ಲಿ ಸಿರಿ ಅಂದರೆ ಗರಿಯಲ್ಲ, ಪಾಡ್ದನದ ಹೆಣ್ಣು. ನಂದಳಿಕೆ, ಕವತ್ತಾರು, ಹಿರಿಯಡಕದಂಥ ಆಲಡೆಗಳಲ್ಲಿ (ಸಿರಿಯ ಆರಾಧನೆಯ ಸ್ಥಾನಗಳಲ್ಲಿ) ಬೇಸಿಗೆಯ ಹುಣ್ಣಿಮೆ ರಾತ್ರಿಗಳಲ್ಲಿ ನಡೆಯುತ್ತದೆ. ಅಲ್ಲಿ ಬಣ್ಣವಿಲ್ಲ, ಬೆನ್ನಿಗೆ ಕಟ್ಟುವ ಅಣಿಯ ಅಲಂಕಾರವಿಲ್ಲ. ಸಾಲಾಗಿ ನಿಂತ ಹೆಂಗಸರು, ಕೈಯಲ್ಲಿ ಹಿಂಗಾರದ (ಅಡಿಕೆ ಹೂವಿನ) ಗೊಂಚಲು, ಬಿಚ್ಚಿದ ಕೂದಲು. ನೇಮಕ್ಕೆ ಹೆದರದವರು ಅಲ್ಲಿ ಹೆದರುತ್ತಾರೆ, ಯಾಕೆಂದರೆ ಅರ್ಧ ಗಂಟೆ ಮೊದಲು ಪಕ್ಕದಲ್ಲಿ ಕಡಲೆ ತಿನ್ನುತ್ತಿದ್ದ ಗೃಹಿಣಿಯೇ ಈಗ ಕಿರುಚುತ್ತಿರುತ್ತಾಳೆ.

ಕ್ರಮ ಇಲ್ಲೂ ಉಂಟು. ಸಿರಿಯ ಮಗ ಕುಮಾರನ ಆವೇಶದಲ್ಲಿರುವ ಗಂಡಸು ಒಬ್ಬೊಬ್ಬರ ಎದುರು ನಿಂತು ಪಾಡ್ದನದ ಧಾಟಿಯಲ್ಲಿ "ಯಾರು ನೀನು" ಎಂದು ಕೇಳುತ್ತಾನೆ. ಹೊಸಬಳು ಎಷ್ಟೋ ಹೊತ್ತು ಹೆಸರು ಹೇಳುವುದಿಲ್ಲ. ಕೊನೆಗೆ ಸಿರಿ, ಸೊನ್ನೆ, ಗಿಂಡೆ, ಅಬ್ಬಗ, ದಾರಗ, ಇವರಲ್ಲಿ ಒಬ್ಬಳೆಂದು ಬಾಯಿಬಿಟ್ಟಾಗ ಅವಳು ಆ ವಂಶಕ್ಕೆ ಸೇರಿದಂತೆ, ನಡುಕ ಹದಕ್ಕೆ ಬರುತ್ತದೆ. ಯಾರು ಯಾರೆಂದು ಗೊತ್ತಾಗಬೇಕಾದರೆ ಕಥೆ ತಿಳಿದಿರಬೇಕು. ಬಯಕೆಯ ಸೀರೆಯನ್ನು ಗಂಡ ಕಾಂತು ಪೂಂಜ ಮೊದಲು ಸೂಳೆಗೆ ಉಡಿಸಿದನೆಂದು ಸಿರಿ ಅದನ್ನು ಮುಟ್ಟಲಿಲ್ಲ, ಮುಂದೆ ಅವನನ್ನೇ ಬಿಟ್ಟಳು. ಅಬ್ಬಗ, ದಾರಗ ಅವಳಿಗಳು. ಚೆನ್ನೆಮಣೆಯ ಆಟದಲ್ಲಿ ಜಗಳವಾಗಿ ಒಬ್ಬಳು ಮಣೆಯಿಂದಲೇ ಹೊಡೆದು ಇನ್ನೊಬ್ಬಳು ಸತ್ತಳು, ಹೊಡೆದವಳು ಬಾವಿಗೆ ಹಾರಿದಳು. ಇಬ್ಬರು ಹೆಂಗಸರು ಒಬ್ಬರನ್ನೊಬ್ಬರು ಅಪ್ಪಿ ಅಳುತ್ತಿದ್ದರೆ ಅದು ಅಬ್ಬಗ ದಾರಗ ಇರಬಹುದು. ಮಾಚಾರು ಗೋಪಾಲ ನಾಯ್ಕರು ಹಾಡಿದ ಸಿರಿ ಪಾಡ್ದನ ಬರೆದಿಟ್ಟಾಗ 15,683 ಸಾಲು ಆಯಿತು. ಅಷ್ಟು ದೊಡ್ಡ ಕಥೆಯ ಒಂದು ಚೂರು ಆ ರಾತ್ರಿ ನಿಮ್ಮ ಎದುರು ಆಡುತ್ತಿರುತ್ತದೆ.

ಅಲ್ಲಿ ಹೋದರೆ ನಡುಗುವವರನ್ನು ಹಿಡಿಯಬೇಡಿ, ನೀರು ಎರಚಬೇಡಿ. ಅವರ ಮನೆಯವರು ಹಿಂದೆಯೇ ಇರುತ್ತಾರೆ.

ಗುಡ್ಡೆಮನೆ:

ಕತ್ತಲೆಯ ಕೋಲದ ಬಗ್ಗೆಯೂ ಗೊತ್ತಿರಲಿ. ಮಂಗಳೂರಿನ ಹತ್ತಿರದ ಕುತ್ತಾರಿನಲ್ಲಿ ಕೊರಗಜ್ಜನ ಕೋಲ ದೀಪವಿಲ್ಲದೆ ನಡೆಯುತ್ತದೆ. ಆ ಹೊತ್ತಿಗೆ ಸುತ್ತಲಿನ ದೀಪ ಆರಿಸುತ್ತಾರೆ, ಆ ದಾರಿಯ ವಾಹನಗಳೂ ಹೆಡ್‌ಲೈಟ್ ಬಂದ್ ಮಾಡಬೇಕು. ಹೆಂಗಸರು ನೋಡುವಂತಿಲ್ಲ. ಮೊಬೈಲ್ ಟಾರ್ಚ್ ಹಾಕಿ "ಎಲ್ಲಿ ದಾರಿ" ಅಂತ ಹುಡುಕಿದರೆ ಬೈಗುಳ ಗ್ಯಾರಂಟಿ. ಬೇರೆ ದಿನಗಳಲ್ಲಿ ವೀಳ್ಯ, ಚಕ್ಕುಲಿ, ಕಳ್ಳು ಒಪ್ಪಿಸುವವರ ಸಾಲು ಇರುತ್ತದೆ, ಹಗಲಿಗೆ ಯಾರೂ ಹೋಗಬಹುದು.

ಬಯಲುಸೀಮೆ:

ನಾವು ಫೆಬ್ರವರಿ ತಪ್ಪಿಸಿಕೊಂಡರೆ ಮಳೆಗಾಲದಲ್ಲಿ ಸಿಗುತ್ತಾ? ಇನ್ನೊಂದು, ಕೊನೆಗೆ ಕೈಗೆ ಕೊಡೋ ಪ್ರಸಾದ ಏನು ಮಾಡಬೇಕು?

ಹಿಂಗಾರ:

ಸಿಗುವುದಿಲ್ಲ. ಬೇಶ ತಿಂಗಳ ಹತ್ತನೇ ದಿನ, ಅಂದರೆ ಮೇ 24ರ ಸುಮಾರಿಗೆ ಪತ್ತನಾಜೆ. ಅಲ್ಲಿಗೆ ಗಗ್ಗರ ಬಿಚ್ಚಿಟ್ಟ ಹಾಗೆ, ಯಕ್ಷಗಾನ ಮೇಳಗಳೂ ಅಂದೇ ಗೆಜ್ಜೆ ಬಿಚ್ಚುವುದು. ದೀಪಾವಳಿ ಕಳೆದ ಮೇಲೆ ಮತ್ತೆ ಶುರು.

ಪ್ರಸಾದಕ್ಕೆ ಇಲ್ಲಿ ಬೂಲ್ಯ ಎನ್ನುತ್ತಾರೆ: ಗಂಧ, ಹಿಂಗಾರದ ಎಸಳು, ಕೆಲವೊಮ್ಮೆ ವೀಳ್ಯದೆಲೆ. ಎರಡೂ ಕೈ ಒಡ್ಡಿ, ದೈವ ಮೇಲಿನಿಂದ ಹಾಕುತ್ತದೆ, ಕೈಗೆ ಕೈ ತಾಗಿಸಬೇಡಿ. ಗಂಧ ಹಣೆಗೆ, ಎಸಳು ಕಿವಿಯ ಮೇಲೆ. ಊರಿಗೆ ಹೋಗುವಾಗ ಬಸ್ಸಿನಲ್ಲಿ ಸೀಟಿನ ಮೇಲೆ ಬಿಡಬೇಡಿ, ಮನೆಗೆ ಒಯ್ದು ಒಣಗಿದ ಮೇಲೆ ಯಾರ ಕಾಲಿಗೂ ಸಿಗದ ಹಾಗೆ ಗಿಡದ ಬುಡಕ್ಕೆ ಹಾಕಿ. ತುಳಸಿಯೇ ಆಗಬೇಕೆಂದಿಲ್ಲ.